ಕುರಿ ಎಣಿಸದ ಮ್ಯಾಜಿಸ್ಟ್ರೇಟರು

ನಮ್ಮ ಮ್ಯಾಜಿಸ್ಟ್ರೇಟ್ ಮೇಡಂ ವರ್ಗವಾಗಿ ಹೋದ ದಿನದ ಸಂಗತಿಯನ್ನು ನನಗೆ ಹೇಳಿದ್ದು ಅವರನ್ನು ಬಿಟ್ಟುಬಂದ ಕಾರಿನ ಡ್ರೈವರ್. ಹೊಳಲ್ಕೆರೆ ದಾಟಿ ಇನ್ನೂ ಹೆಚ್ಚು ದೂರ ಹೋಗಿರಲಿಲ್ಲವಂತೆ, ರಸ್ತೆಗೆ ಅಡ್ಡಲಾಗಿ ಒಂದು ಕುರಿಮಂದೆ ಬಂತಂತೆ. ಇವನು ಹಾರನ್ನಿನ ಮೇಲೆ ಕೈ ಇಟ್ಟದ್ದೇ ತಡ, ಹಿಂದಿನ ಸೀಟಿನಿಂದ "ಬೇಡ, ಬೇಡ" ಅಂದರಂತೆ. ಕಾರಿನಿಂದ ಇಳಿದು, ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು, ಕಟ್ಟಕಡೆಯ ಕುಂಟುಮರಿ ರಸ್ತೆ ದಾಟುವ ತನಕ ಧೂಳಿನಲ್ಲಿ ನಿಂತು ನೋಡಿದರಂತೆ.

"ಎಷ್ಟಿರಬಹುದು ಮೇಡಂ?" ಎಂದು ಇವನು ಬರೀ ಮಾತಿಗೆ ಕೇಳಿದ್ದಕ್ಕೆ, "ಛೆ, ಅದನ್ನೆಲ್ಲ ಕೇಳಬಾರದು" ಎಂದು ಹತ್ತಿ ಕೂತರಂತೆ.

"ಏನ್ ಸಾ, ನಿಮ್ ಜಡ್ಜಮ್ಮಂಗೆ ಕುರಿ ಕಂಡ್ರೆ ಭಯಾನಾ?" ಎಂದು ಡ್ರೈವರ್ ನನ್ನನ್ನು ಕೇಳಿದ.

ಭಯ ಅಲ್ಲ. ಆದರೆ ಅದನ್ನು ವಿವರಿಸಬೇಕಾದರೆ ಅವರು ಎಂಥವರು ಅಂತ ಹೇಳಬೇಕು. ಹೇಳುವವನು ಎಂಥವನು ಅಂತ ಮೊದಲೇ ತಿಳಿಸಿಬಿಡುವುದು ನ್ಯಾಯ. ನಾನು ಹೊಳಲ್ಕೆರೆ ಕೋರ್ಟಿನಲ್ಲಿ ಜೂನಿಯರ್ ವಕೀಲ. ಕಕ್ಷಿದಾರರಿಗೆ ನನ್ನ ಹೆಸರು ಗೊತ್ತಿಲ್ಲ, "ಎಲ್ರಂಗೂ ಮಾತಾಡ್ತನಲ್ಲ, ಆ ಹುಡ್ಗ" ಎಂದರೆ ಗೊತ್ತು. ನಮ್ಮ ಸೀನಿಯರ್ ಎಲೆ ಅಡಿಕೆ ಒಂದು ದವಡೆಗೆ ಸರಿಸಿ ವಾದ ಮಾಡುವುದು, ಸರ್ಕಾರಿ ವಕೀಲರು ಪ್ರತಿ ವಾಕ್ಯಕ್ಕೂ ಒಂದು ಕೆಮ್ಮು ಸೇರಿಸುವುದು, ಕೂಗುವ ಅಟೆಂಡರ್ ಹೆಸರಿನ ಕೊನೆಯಕ್ಷರವನ್ನು ಬಸ್ ಸ್ಟ್ಯಾಂಡಿನ ತನಕ ಎಳೆಯುವುದು, ಎಲ್ಲವೂ ನನ್ನ ಗಂಟಲಲ್ಲಿವೆ. "ನಿನ್ ಸ್ವಂತ ದನೀಲಿ ಒಂದ್ಸಲನಾದ್ರೂ ವಾಯ್ದೆ ಕೇಳಲೇ, ಆಮೇಲೆ ವಕೀಲ ಅಂತೀನಿ" ಎನ್ನುವುದು ಸೀನಿಯರ್ ನನಗೆ ಕೊಡುವ ಆಶೀರ್ವಾದ. ಸ್ವಂತ ದನಿಯಲ್ಲಿ ಕೇಳಿದ್ದೇನೆ. ಯಾರಿಗೂ ಕೇಳಿಸಲಿಲ್ಲ.

ಅಂಥ ನನಗೆ ಮೇಡಂ ಸಿಕ್ಕಿದ್ದು ಹಬ್ಬದೂಟವೇ ಸರಿ. ಅವರು ಕರಾವಳಿಯವರು. ನಮ್ಮ "ಐತೆ"ಗೆ ಅವರದು "ಉಂಟು". ಕೋರ್ಟಿನ ಮಾತೆಲ್ಲ ಪುಸ್ತಕದ ಹಾಗೆ ನೆಟ್ಟಗೆ ಹೋಗುತ್ತಿತ್ತು. ಆದರೆ ಏನಾದರೂ ತಿಳಿದುಕೊಳ್ಳಬೇಕು ಅನ್ನಿಸಿದ ಕೂಡಲೇ ಕನ್ನಡಕ ತೆಗೆದು ಪೆನ್ನಿನ ಪಕ್ಕ ಇಟ್ಟು, ಕುತ್ತಿಗೆ ಸ್ವಲ್ಪ ಮುಂದೆ ಚಾಚಿ, "ಎಂತಕ್ಕೆ?" ಎಂದು ಕೇಳುತ್ತಿದ್ದರು. ಆ ಕನ್ನಡಕ ಇಳಿಯಿತೆಂದರೆ ವಕೀಲರೆಲ್ಲ ಗಡಿಯಾರ ನೋಡಿಕೊಳ್ಳುವರು. ಚಿತ್ರದುರ್ಗದಿಂದ ಬಂದ ವಕೀಲರಂತೂ ಮನೆಗೆ ಫೋನ್ ಮಾಡಿ ಊಟಕ್ಕೆ ಕಾಯಬೇಡಿ ಅನ್ನುವರು. ಬಾರ್ ರೂಮಿನಲ್ಲಿ ನಾನು ಅವರ ದನಿಗೆ "ಮಾರಾಯ್ರೆ" ಸೇರಿಸಿ ಚಪ್ಪಾಳೆ ಗಿಟ್ಟಿಸುತ್ತಿದ್ದೆ. ಅವರ ಬಾಯಲ್ಲಿ ಒಂದು ದಿನವೂ ಆ ಮಾತು ಬಂದದ್ದಿಲ್ಲ. ಅದು ನಾನು ಹಾಕಿದ ಒಗ್ಗರಣೆ.

ಗಂಡನಿಗೆ, ನಿನ್ನ ಹೆಂಡತಿಗೆ ಜೀವನಾಂಶ ಕೊಡು ಎಂದು ಆದೇಶ ಮಾಡುವ ಅಧಿಕಾರ ತಾಲ್ಲೂಕಿನ ಮ್ಯಾಜಿಸ್ಟ್ರೇಟರಿಗೆ ಇದೆ. ಹಳೆಯ ಕಾನೂನಿನಲ್ಲಿ ಅದು ನೂರಿಪ್ಪತ್ತೈದನೇ ಕಲಂ. ಈಗ ಪುಸ್ತಕವೇ ಬದಲಾಗಿ ನೂರನಲವತ್ತನಾಲ್ಕಾಗಿದೆ. ಆದರೆ ಶ್ರೀರಾಂಪುರದ ಬಸ್ಸಿನಲ್ಲಿ ಗಂಡ ಹೆಂಡತಿ ಕಿತ್ತಾಡಿದರೆ ಈಗಲೂ ಕೇಳಿಬರುವುದು "ಒನ್ ಟ್ವೆಂಟಿಫೈವ್ ಹಾಕ್ತೀನಿ ನೋಡು ನಿಂಗೆ!" ಎಂದೇ. ಅಷ್ಟರಮಟ್ಟಿಗೆ ಆ ಅಧಿಕಾರ ಜನರ ಬಾಯಲ್ಲಿದೆ. ಅದು ಬಾಯಿಂದ ಇಳಿದು ಹೆಂಗಸಿನ ಕೈಗೆ ಹೋಗಿ ತಲುಪುತ್ತದೆಯೇ ಎನ್ನುವುದೇ ಮೇಡಂನ ತಲೆಯಲ್ಲಿ ಸದಾ ಕೊರೆಯುತ್ತಿದ್ದ ಪ್ರಶ್ನೆ.

ಗಂಡಸರು ಕಟಕಟೆ ಹತ್ತಿದ ಕೂಡಲೇ ಬಡವರಾಗಿಬಿಡುತ್ತಾರೆ. ಬುಲೆಟ್ಟಿನಲ್ಲಿ ಬಂದವನು ಅದನ್ನು ಬೇಕರಿ ಹಿಂದೆ ನಿಲ್ಲಿಸಿ, ಯಾರದೋ ಹವಾಯಿ ಚಪ್ಪಲಿ ಮೆಟ್ಟಿಕೊಂಡು ಬಂದು "ಕೂಲಿ ಸಾಮಿ" ಅನ್ನುತ್ತಾನೆ. ಮೇಡಂ ಅವರ ಆದಾಯ ಕೇಳುತ್ತಲೇ ಇರಲಿಲ್ಲ. ಕೆಲಸ ಕೇಳುತ್ತಿದ್ದರು. ಹಿರಿಯೂರು ಕಡೆಯ ಒಬ್ಬ ಜೆಸಿಬಿ ಡ್ರೈವರ್, ಗಾಡಿ ನಿಂತು ವರ್ಷವಾಯಿತು, ಕೆಲಸವೇ ಇಲ್ಲ ಎಂದು ಅಳುಮುಖ ಮಾಡಿದ್ದ. ಮೇಡಂ ಕನ್ನಡಕ ಇಳಿಸಿದರು.

"ಹಳೇ ಮಣ್ಣಿನ ಗೋಡೆಯ ಬುಡದಲ್ಲೇ ಗುಂಡಿ ತೆಗೆಯುವಾಗ ಗೋಡೆ ಬೀಳುವುದಿಲ್ಲವಾ?"

"ಬಕೆಟ್ ಹೆಂಗಿಡೀತೀವಿ ಅನ್ನೋದ್ರ ಮ್ಯಾಲೈತೆ ಮೇಡಂ," ಎಂದು ಅವನು ಕಟಕಟೆಯೊಳಗೇ ತೋಳನ್ನು ಬಕೆಟ್ ಮಾಡಿಕೊಂಡ. "ಹಿಂಗ್ ಎಳುದ್ರೆ ಗ್ವಾಡೆ ಬೀಳ್ತತೆ. ಹಿಂಗ್ ಕೆರ್ಕಂಡ್ ಬಂದ್ರೆ ಒಂದ್ ಹಿಡಿ ಮಣ್ಣು ಉದ್ರಲ್ಲ. ನೀವು ಯಾರ್ನ ಬೇಕಾದ್ರೂ ಕೇಳ್ರಿ, ನಿನ್ನೆ ತಾನೇ ಎರಡ್ ಮನೆ ಸಂದ್ಯಾಗೆ ಗುಂಡಿ ಹೊಡ್ಕೊಟ್ಟು ಬಂದೀನಿ!"

ಅವನ ವಕೀಲರು ಮೆಲ್ಲಗೆ ಕೂತರು. ಇದನ್ನು ಮೇಡಂನ ಜಾಣತನ ಅಂತ ನಾವೆಲ್ಲ ಹೊಗಳಿದೆವು. ನಾನು ನೋಡಿದ ಮಟ್ಟಿಗೆ ಅದು ಜಾಣತನ ಅಲ್ಲ. ಆದೇಶ ಬರೆಸಿ ಮುಗಿದ ಮೇಲೂ ಅವರು ಅವನನ್ನು ನಿಲ್ಲಿಸಿ, ಆ ಬಕೆಟ್ಟಿನ ಹಲ್ಲು ಎಷ್ಟು ಕಾಲಕ್ಕೆ ಸವೆಯುತ್ತದೆ ಎಂದು ಕೇಳಿದ್ದರು. ಗೋಡೆ ಬೀಳುತ್ತದೋ ಇಲ್ಲವೋ ಅವರಿಗೆ ನಿಜವಾಗಿಯೂ ಗೊತ್ತಾಗಬೇಕಿತ್ತು.

ನನ್ನ ಅನುಕರಣೆಯ ಸುದ್ದಿ ಅವರ ಕಿವಿಗೂ ಬಿತ್ತು. ಬೀಳದೆ ಇರುತ್ತದೆಯೆ, ನಮ್ಮ ಕೋರ್ಟಿನ ಗೋಡೆ ಎಷ್ಟು ದಪ್ಪ! ಒಂದು ಮಧ್ಯಾಹ್ನ ಕಲಾಪ ಮುಗಿದು ಏಳುತ್ತಾ, "ವಕೀಲರೇ, ಬಾರ್ ರೂಮಿನಲ್ಲಿ ನೀವೂ ಜೀವನಾಂಶದ ಆದೇಶ ಕೊಡ್ತೀರಂತಲ್ಲ" ಅಂದರು. ನನ್ನ ಗಂಟಲಲ್ಲಿದ್ದ ದನಿಗಳೆಲ್ಲ ಒಟ್ಟಿಗೇ ರಜೆ ಹಾಕಿದವು. "ಕೊಡಿ, ಕೊಡಿ. ನಿಮ್ಮ ಆದೇಶಕ್ಕೆ ಜನ ನಗ್ತಾರಂತೆ, ಅಷ್ಟಾದರೂ ಉಂಟು. ನನ್ನದಕ್ಕೆ ನಗುವವರೂ ಇಲ್ಲ, ದುಡ್ಡು ಕೊಡುವವರೂ ಇಲ್ಲ." ಹೀಗೆಂದು ಒಳಗೆ ಹೋದರು. ಸೀನಿಯರ್ ನನ್ನ ಕಿವಿಯ ಹತ್ತಿರ, "ಬೈದ್ರೋ, ಅತ್ರೋ?" ಅಂದರು. ನನಗೂ ತಿಳಿಯಲಿಲ್ಲ.

ಈಗ ಮಾಳಮ್ಮನ ವಿಷಯಕ್ಕೆ ಬರುತ್ತೇನೆ.

ಮಾಳಮ್ಮ ನಮ್ಮ ಸೀನಿಯರ್ ಕಕ್ಷಿದಾರಳು. ಕೊಟ್ಟ ಮನೆ ಶ್ರೀರಾಂಪುರದ ಕಡೆ, ಕುರಿ ಕಾಯುವ ಮನೆತನ. ತವರು ಚಿಕ್ಕಜಾಜೂರಿನ ಪಕ್ಕದ ಹಳ್ಳಿ, ಅವರೂ ಕುರಿಯವರೇ. ಗಂಡ ಬೀರಣ್ಣ ಹೊಸದುರ್ಗದಲ್ಲಿ ಇನ್ನೊಬ್ಬಳನ್ನು ಇಟ್ಟುಕೊಂಡು, ಇವಳನ್ನೂ ಹೈಸ್ಕೂಲಿಗೆ ಹೋಗುವ ಮಗಳನ್ನೂ ಅಣ್ಣನ ಮನೆಗೆ ಅಟ್ಟಿದ್ದ. ಅಣ್ಣ ಒಳ್ಳೆಯವನೇ. ಅತ್ತಿಗೆ ಮಾತ್ರ, ಮುದ್ದೆ ಇಕ್ಕುವಾಗ ತಟ್ಟೆಗೆ ಬೀಳುವ ಸದ್ದಿನಲ್ಲೇ ಎಲ್ಲವನ್ನೂ ಹೇಳುವ ಹೆಂಗಸು. ಚಿಕ್ಕಜಾಜೂರು ಸ್ಟೇಷನ್ ಹತ್ತಿರ ಒಂದು ಕೋಣೆ ಬಾಡಿಗೆಗಿತ್ತು, ಮಗಳ ಸ್ಕೂಲಿಗೂ ಹತ್ತಿರ. ಅದು ಸಿಕ್ಕರೆ ಸಾಕು ಎನ್ನುವುದು ಮಾಳಮ್ಮನ ಆಸೆ. ಬಾಡಿಗೆಗೆ ಗಂಡನ ಜೀವನಾಂಶ ಬೇಕು. ಜೀವನಾಂಶ ನಿಗದಿಯಾಗಬೇಕಾದರೆ ಗಂಡನ ಆಸ್ತಿ ಎಷ್ಟು ಅಂತ ಕೋರ್ಟಿಗೆ ತಿಳಿಯಬೇಕು. ಬೀರಣ್ಣನ ಆಸ್ತಿ ಎಂದರೆ ಕುರಿ. ಅವನ ಪ್ರಮಾಣಪತ್ರದಲ್ಲಿ ಕುರಿಯ ಸಂಖ್ಯೆ ಬರೆಯುವ ಜಾಗ ಖಾಲಿ.

"ಎಷ್ಟು ಕುರಿ ಉಂಟು ನಿಮಗೆ?" ಮೇಡಂ ಕೇಳಿದರು.

ಅಟೆಂಡರ್ ಸೂರು ನೋಡಿದ. ಹಿಂದಿನ ಬೆಂಚಿನಲ್ಲಿದ್ದ ಒಬ್ಬ ಮುದುಕ, ಬೇರೆ ಯಾವುದೋ ಕೇಸಿಗೆ ಬಂದವನು, "ಥೂ ಥೂ" ಎಂದು ಎದೆಗೆ ಉಗುಳಿಕೊಂಡ. ನಮ್ಮ ಸೀಮೆಯಲ್ಲಿ ಕುರಿಯವನನ್ನು ಏನು ಬೇಕಾದರೂ ಕೇಳಬಹುದು, ಮಂದೆಯ ಲೆಕ್ಕ ಮಾತ್ರ ಕೇಳುವ ಹಾಗಿಲ್ಲ. ಬಾಯಿಬಿಟ್ಟು ಎಣಿಸಿದರೆ ಮಂದೆಗೆ ಕಣ್ಣು ಬೀಳುತ್ತದೆ, ಕುರಿಗೆ ರೋಗ ತಗಲುತ್ತದೆ ಎನ್ನುವ ನಂಬಿಕೆ. ಕರಾವಳಿಯ ಮೇಡಂಗೆ ಅದು ಎಲ್ಲಿಂದ ಗೊತ್ತಾಗಬೇಕು? ಅವರ ಊರಲ್ಲಿ ಎಣಿಸುವುದು ಮೀನನ್ನು.

"ಒಂದಿಷ್ಟು ಅವೆ ತಾಯಿ," ಎಂದ ಬೀರಣ್ಣ.

"ಒಂದಿಷ್ಟು ಅಂದರೆ?"

"ಒಂದಿಷ್ಟು ಅಂದ್ರೆ ಒಂದಿಷ್ಟೇಯ."

ಆಸ್ತಿ ಮುಚ್ಚಿಡುತ್ತಿದ್ದಾನೆ ಎಂದು ಮೇಡಂ ಗಡುಸಾದರು. ನಮ್ಮ ಸೀನಿಯರ್‌ಗೆ ಖುಷಿಯೋ ಖುಷಿ. ದವಡೆ ಬದಲಿಸಿ, "ಸ್ವಾಮಿ, ಅವನು ಹೇಳ್ದಿದ್ರೆ ಬ್ಯಾಡ, ನಮ್ಮ ಅರ್ಜಿದಾರಳಿಗೆ ಚೆನ್ನಾಗಿ ಗೊತ್ತು. ಹತ್ರೀ ಮಾಳಮ್ಮ, ಮೇಲೆ ಹತ್ರಿ" ಎಂದರು. ಮಾಳಮ್ಮ ಸಾಕ್ಷಿ ಕಟ್ಟೆ ಹತ್ತಿ ಕೈಮುಗಿದಳು.

"ಗಂಡನ ಹತ್ತಿರ ಎಷ್ಟು ಕುರಿ ಉಂಟಮ್ಮಾ?"

ಮಾಳಮ್ಮ ಗಂಡನ ಕಡೆ ನೋಡಲಿಲ್ಲ. ಮೇಡಂ ಕಡೆಯೂ ನೋಡಲಿಲ್ಲ. "ಒಂದಿಷ್ಟು ಅವೆ ಅಮ್ಮಾ" ಅಂದಳು.

ಸೀನಿಯರ್ ಬಾಯಲ್ಲಿದ್ದ ಎಲೆ ಅಡಿಕೆ ನುಂಗಿಬಿಟ್ಟರು. ಅದನ್ನು ನಾನು ಬಹಳ ಚೆನ್ನಾಗಿ ಅನುಕರಿಸುತ್ತೇನೆ. "ಲೇ ಮಾಳವ್ವ, ಕೇಸು ಹೋಗ್ತತೆ, ಹೇಳಮ್ಮ!" ಎಂದು ಪಿಸುಗುಟ್ಟಿದ್ದು ಹೊರಗಿನ ಬೇವಿನಮರಕ್ಕೂ ಕೇಳಿಸಿತು.

ಆಗ ಕನ್ನಡಕ ಇಳಿಯಿತು. "ಎಂತಕ್ಕೆ ಹೇಳುವುದಿಲ್ಲ?"

"ಎಣ್ಸಿ ಬಾಯ್ಬಿಟ್ರೆ ಮಂದೆಗೆ ಒಳ್ಳೇದಾಗಲ್ಲ ಅಮ್ಮಾ."

"ಅವರು ನಿಮಗೆ ಊಟಕ್ಕೆ ಕೊಡುವುದಿಲ್ಲ ಅಂತ ನೀವೇ ಬಂದದ್ದು. ಅವರ ಕುರಿಗೆ ಎಂತಾದರೆ ನಿಮಗೆಂತ?"

"ಕುರಿ ಏನ್ ಮಾಡಿದ್ವಮ್ಮಾ?" ಮಾಳಮ್ಮನಿಗೆ ಆ ಪ್ರಶ್ನೆಯೇ ವಿಚಿತ್ರ ಅನ್ನಿಸಿರಬೇಕು. "ನನ್ ಬಿಟ್ಟೋನು ಅವ್ನು. ಕುರಿ ನನ್ ಬಿಟ್ಟಿಲ್ಲ."

ಮೇಡಂ ಗದರಲಿಲ್ಲ. ಆಮೇಲೆ ಪ್ರಶ್ನೆ ಕೇಳಲು ಶುರು ಮಾಡಿದರು ನೋಡಿ, ಪರೀಕ್ಷೆಗೆ ಕೂತ ಹುಡುಗಿಯ ಹಾಗೆ. ಉಣ್ಣೆ ಯಾವಾಗ ಕತ್ತರಿಸುತ್ತಾರೆ? ಕತ್ತರಿಸಲು ನೆಂಟರಷ್ಟೇ ಸಾಕೋ, ಹೊರಗಿನವರೂ ಬರಬೇಕೋ? ಮಂದೆಯ ಹಿಂದೆ ನಾಯಿ ಎಷ್ಟು ಓಡುತ್ತವೆ? ನಾಯಿ ಎಣಿಸಬಹುದೋ? (ಎಣಿಸಬಹುದಂತೆ.) ಸುಗ್ಗಿಯಾದ ಮೇಲೆ ಭರಮಸಾಗರದ ಕಡೆ ಹೊಲಗಳಲ್ಲಿ ಗೊಬ್ಬರಕ್ಕಾಗಿ ರಾತ್ರಿ ಮಂದೆ ನಿಲ್ಲಿಸಿದರೆ ಹೊಲದವರು ಏನು ಕೊಡುತ್ತಾರೆ? ಮಾಳಮ್ಮ ಎಲ್ಲದಕ್ಕೂ ಸಲೀಸಾಗಿ ಉತ್ತರ ಹೇಳಿದಳು. ಕೊನೆಗೆ ಮೇಡಂ, "ನಿಮ್ಮ ಮಂದೆ ಈ ರಸ್ತೆಯಲ್ಲಿ ಬರ್ತಾ ಉಂಟು ಅಂತ ಇಟ್ಟುಕೊಳ್ಳಿ. ಮುಂದಿನ ಕುರಿ ನಮ್ಮ ಗೇಟಿಗೆ ಬಂತು. ಹಿಂದಿನದು ಎಲ್ಲಿರ್ತದೆ?" ಎಂದರು.

ಮಾಳಮ್ಮ ಕಣ್ಣು ಮುಚ್ಚಿ ಯೋಚಿಸಿ, "ಆ ಬೇಕರಿ ತಾವ ಇರ್ತಾವಮ್ಮ" ಅಂದಳು.

"ಬೇಕರಿನಾ?" ಆ ಕಡೆಯಿಂದ ಬೀರಣ್ಣ ಸಿಡಿದ. "ಯಾವ್ ಕಾಲದ್ ಮಾತಾಡ್ತಾಳ್ರಿ ಇವ್ಳು! ಬಸ್ ಸ್ಟ್ಯಾಂಡ್ ತಾವ ಇನ್ನೂ ತಿರುಗ್ತಾನೇ ಇರ್ತಾವೆ!"

ಅವನ ವಕೀಲರು ಅಂಗಿಯ ತೋಳು ಹಿಡಿದು ಜಗ್ಗಿದರು. ಬೀರಣ್ಣ ತೋಳು ಬಿಡಿಸಿಕೊಂಡ. "ನೀವ್ ಬಿಡ್ರಿ ಸಾ, ನಮ್ ಮಂದೇನ ಬೇಕರಿ ಅಂತಾಳೆ!" ಹಾಲ್ ತುಂಬ ನಗು. ಮೇಡಂ ನಗಲಿಲ್ಲ. ಟೈಪಿಸ್ಟ್ ಕಡೆ ತಿರುಗಿ, ಮಂದೆ ಬೇಕರಿ ದಾಟಿ ಬಸ್ ಸ್ಟ್ಯಾಂಡಿನ ತನಕ ಎಂದು ಬರೆಸಿದರು. ಒಂದು ಅಂಕಿಯೂ ಇಲ್ಲದ ಆ ಸಾಕ್ಷ್ಯದ ಮೇಲೆ, ಕೋಣೆಯ ಬಾಡಿಗೆ ಕಳೆದು ಹೊಟ್ಟೆಗೂ ಉಳಿಯುವಷ್ಟು ಮಾಸಿಕ ಜೀವನಾಂಶದ ಆದೇಶವಾಯಿತು.

ಆದೇಶವಾಯಿತು ಎಂದೆ. ದುಡ್ಡು ಬಂತು ಅನ್ನಲಿಲ್ಲ. ಮೊದಲ ತಿಂಗಳು ಬರಲಿಲ್ಲ, ಆಮೇಲೆಯೂ ಬರಲಿಲ್ಲ. ಕೋಣೆಯ ಮಾಲೀಕ, "ಅಡ್ವಾನ್ಸ್ ಇಲ್ದಂಗೆ ಎಷ್ಟು ದಿನ ಬೀಗ ಹಾಕ್ಕಂಡ್ ಕುಂತ್ಕಳ್ಳಾನ?" ಎಂದು ಕೇಳತೊಡಗಿದ. ಸೀನಿಯರ್ ವಸೂಲಿಗೆ ಅರ್ಜಿ ಹಾಕಿದರು. ವಾರಂಟ್ ಹೊರಟಿತು. ಪೊಲೀಸಿನವರು ಮಂದೆ ಹುಡುಕಿಕೊಂಡು ಹೊಲದಿಂದ ಹೊಲಕ್ಕೆ ತಿರುಗಿ, ಬೂಟಿಗೆಲ್ಲ ಹಿಕ್ಕೆ ಮೆತ್ತಿಕೊಂಡು, ಬೀರಣ್ಣನನ್ನು ತಂದು ನಿಲ್ಲಿಸಿದರು.

"ಕೊಡದಿದ್ದರೆ ಜೈಲಿಗೆ ಹೋಗಬೇಕಾಗ್ತದೆ. ಗೊತ್ತುಂಟಾ?" ಎಂದರು ಮೇಡಂ.

"ಹಾಕ್ರಿ ತಾಯಿ," ಬೀರಣ್ಣ ನಿರಾಳವಾಗಿ ಹೇಳಿದ. "ಮಳ್ಯಾಗೆ ಬಿಸ್ಲಾಗೆ ಬಿದ್ಕಂಡೋನು ನಾನು. ಅಲ್ಲಿ ಸೂರಾದ್ರೂ ಐತೆ. ಕುರಿ ನನ್ ತಮ್ಮ ನೋಡ್ಕಂತನೆ."

ಮೇಡಂ ಪುಸ್ತಕ ತೆರೆದರು. ಆ ಕಲಮನ್ನು ಅವರು ಎಷ್ಟು ಸಲ ಓದಿದ್ದರೋ, ಅವತ್ತು ಮೊದಲ ಸಲ ಓದುವವರ ಹಾಗೆ ಬೆರಳಿಟ್ಟು ಓದಿದರು. ಆಮೇಲೆ ತಲೆ ಎತ್ತಿ, "ಜೈಲು ಬೇಡ. ಜಪ್ತಿ ಮಾಡುವ ಅಧಿಕಾರವೂ ನನಗೆ ಉಂಟು. ನಿಮ್ಮ ಕುರಿ ಜಪ್ತಿ ಮಾಡಿಸ್ತೇನೆ. ಜಪ್ತಿ ಅಂದರೆ ಪಂಚರ ಎದುರಿಗೆ ಒಂದೊಂದನ್ನೇ ಎಣಿಸಬೇಕಾಗ್ತದೆ. ಎಣಿಸಿ, ಬರೆದು, ಎಲ್ಲರಿಗೂ ಕೇಳುವ ಹಾಗೆ ಓದಿ ಹೇಳಬೇಕಾಗ್ತದೆ" ಎಂದರು.

ಬೀರಣ್ಣ ಕಟಕಟೆಯ ಅಡ್ಡಪಟ್ಟಿಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ. ನಮ್ಮ ಸೀನಿಯರ್ ಹೋಳಿಗೆಗೆ ತುಪ್ಪ ಬಿದ್ದವರ ಹಾಗೆ ನನ್ನ ತೊಡೆಗೆ ಒಂದು ಹೊಡೆದರು. ಗೆದ್ದೆವು ಅಂತ.

"ಬ್ಯಾಡಮ್ಮಾ!"

ಹಿಂದಿನ ಬೆಂಚಿನಿಂದ ಬಂದ ದನಿ. ಮಾಳಮ್ಮ ಎದ್ದು ನಿಂತಿದ್ದಳು.

"ಸುಮ್ಕೆ ಕುಂತ್ಕಳಮ್ಮ ನೀನು!" ಸೀನಿಯರ್ ಗದರಿದರು. "ನಿನ್ ರೂಮು ಹೋಗ್ತತೆ!"

"ರೂಮ್ ಹೋದ್ರೆ ಹೋಗ್ಲಿ ಸಾ. ಅವುನ್ನ ಎಣಿಸ್ಬ್ಯಾಡ್ರಿ. ಬ್ಯಾರೆ ಏನಾದ್ರೂ ಮಾಡ್ರಿ ಅಮ್ಮಾ, ಅದೊಂದ್ ಮಾತ್ರ ಬ್ಯಾಡ." ಅವಳ ಮಗಳು ಪಕ್ಕದಲ್ಲೇ ಕೂತು ಅಮ್ಮನ ಸೆರಗನ್ನು ಕೆಳಗೆ ಎಳೆಯುತ್ತಿದ್ದಳು. ಆ ಹುಡುಗಿಗೆ ಕೋಣೆ ಬೇಕಿತ್ತು.

ಮೇಡಂ ಕನ್ನಡಕ ತೆಗೆದರು. ಆದರೆ ಈ ಸಲ ಮಾಳಮ್ಮನ ಕಡೆ ಕುತ್ತಿಗೆ ಚಾಚಲಿಲ್ಲ. ಬೀರಣ್ಣನ ಕಡೆ ತಿರುಗಿದರು.

"ನನಗೆ ಅಧಿಕಾರ ಉಂಟು. ಆಕೆ ಬೇಡ ಅಂತಿದ್ದಾರೆ. ನಾನು ಎಂತ ಮಾಡಬೇಕು, ನೀವೇ ಹೇಳಿ."

ಇಂಥ ಪ್ರಶ್ನೆಯನ್ನು ಕಟಕಟೆಯಲ್ಲಿ ನಿಂತವನಿಗೆ ಯಾವ ಮ್ಯಾಜಿಸ್ಟ್ರೇಟರೂ ಕೇಳಿದ್ದನ್ನು ನಾನು ನೋಡಿಲ್ಲ. ಕೇಳಬಾರದು ಎಂದೇ ಸೀನಿಯರ್ ಇವತ್ತಿಗೂ ವಾದ ಮಾಡುತ್ತಾರೆ. ಕುರ್ಚಿಯ ಘನತೆಗೆ ಕುಂದಂತೆ. ಇರಬಹುದು. ಆದರೆ ಮೇಡಂ ಉತ್ತರಕ್ಕಾಗಿ ಕಾದರು. ನಿಜವಾಗಿಯೂ ಕಾದರು. ಬೀರಣ್ಣ ತಲೆ ಎತ್ತದೆ, "ಊಟ ಆದ್ಮ್ಯಾಲೆ ಬರ್ತೀನಿ ತಾಯಿ" ಅಂದ.

ಅವನ ವಕೀಲರಿಗೇ ನಂಬಿಕೆ ಇರಲಿಲ್ಲ. ಓಡಿಹೋಗುತ್ತಾನೆ ಎಂದು ನಾನು ಸೀನಿಯರ್ ದನಿಯಲ್ಲೇ ಸೀನಿಯರ್‌ಗೆ ಹೇಳಿ ಬೈಸಿಕೊಂಡೆ. ಮಧ್ಯಾಹ್ನ ಕೋರ್ಟ್ ಕೂತಾಗ ಬೀರಣ್ಣ ಬಂದ. ಜೊತೆಗೆ ತಮ್ಮ, ತಮ್ಮನ ಜೊತೆಗೆ ಮಟನ್ ಅಂಗಡಿಯ ಒಬ್ಬ ಸಾಬರು. ಬಾಕಿ ಪೂರಾ ಮೇಜಿನ ಮೇಲಿಟ್ಟು, "ಬರ್ಕಳ್ರಿ" ಎಂದ. ಎಷ್ಟು ಕುರಿ ಮಾರಿದ ಎಂದು ಕೇಳುವ ಧೈರ್ಯ ಕೋರ್ಟಿನಲ್ಲಿ ಯಾರಿಗೂ ಇರಲಿಲ್ಲ, ನಮ್ಮ ಮೇಡಂಗೂ.

ಆದರೆ ಅವರಿಗೆ ಇನ್ನೊಂದು ತಿಳಿಯಬೇಕಿತ್ತು. "ಜೈಲಿಗೆ ಹೋಗಲಿಕ್ಕೂ ತಯಾರಿದ್ದಿರಿ. ಜಪ್ತಿ ಬೇಡ ಅಂತ ಆಕೆಯೇ ಹೇಳಿ ಆಗಿತ್ತು. ಮತ್ತೆ ಎಂತಕ್ಕೆ ಕೊಟ್ಟಿರಿ?"

ನ್ಯಾಯಾಲಯದ ಮೇಲಿನ ಗೌರವದಿಂದ ಎಂದು ಹೇಳುವಂತೆ ಅವನ ವಕೀಲರು ಬೆನ್ನಿಗೆ ತಿವಿದರು. ಬೀರಣ್ಣ ತಿರುಗಿಯೂ ನೋಡಲಿಲ್ಲ.

"ಅವ್ಳಿಗೆ ಲೆಕ್ಕ ಗೊತ್ತೈತೆ ತಾಯಿ," ಎಂದ. "ನನಗಿಂತ ಚೆನ್ನಾಗ್ ಗೊತ್ತೈತೆ. ಅವ್ಳು ನಮ್ಮನ್ಯಾಗಿರೋ ತನ್ಕ ಯಾವ್ ಕುರಿ ಈದೈತೆ, ಯಾವ್ದು ಸತ್ತೈತೆ, ಎಲ್ಲಾನೂ. ನನ್ ಮ್ಯಾಲೆ ಅಷ್ಟು ಸಿಟ್ಟೈತೆ ಅವ್ಳಿಗೆ. ಆದ್ರೂ ಒಂದ್ ದಿನಾನೂ ಬಾಯ್ ಬಿಡ್ಲಿಲ್ಲ." ಟವೆಲ್ಲಿನಿಂದ ಕುತ್ತಿಗೆ ಒರೆಸಿಕೊಂಡ.

ನಮ್ಮಲ್ಲಿ ಕೆಲವರಿಗೆ ಆಗಲೇ ಕಣ್ಣು ಒದ್ದೆಯಾಗಿತ್ತು. ಗಂಡ ಹೆಂಡತಿ ಒಂದಾಗುತ್ತಾರೆ, ಸಿಹಿ ತರಿಸೋಣ ಎನ್ನುವ ಮುಖ ಸೀನಿಯರ್‌ದು. ಬಾಕಿ ಪಾವತಿಯಾಯಿತು ಎಂದು ಮೇಡಂ ಬರೆಸಿ ಮುಗಿಸುವಷ್ಟರಲ್ಲಿ ಮಾಳಮ್ಮ ಮತ್ತೆ ಎದ್ದಳು.

"ಅಮ್ಮಾ, ಮುಂದಿನ್ ತಿಂಗ್ಳಿಂದೂ ಬರ್ಕಳ್ರಿ. ಇವ್ನು ಇವತ್ತು ಹಿಂಗಂತಾನೆ, ನಾಳೆ ಹೊಸದುರ್ಗಕ್ಕೆ ಹೋಗ್ತಾನೆ."

ಮೇಡಂ ಕನ್ನಡಕ ಹಾಕಿಕೊಂಡರು. ಪ್ರತಿ ತಿಂಗಳು ಯಾವ ತಾರೀಕಿನೊಳಗೆ, ಯಾರ ಕೈಗೆ, ತಪ್ಪಿದರೆ ಏನು ಎನ್ನುವುದನ್ನೆಲ್ಲ ಒಂದೂ ಬಿಡದೆ ಹೇಳಿ ಬರೆಸಿದರು, ಬೀರಣ್ಣನಿಗೆ ಓದಿ ಹೇಳಿಸಿದರು, ಹೆಬ್ಬೆಟ್ಟು ಒತ್ತಿಸಿದರು. ಮಾಳಮ್ಮನ ಮಗಳು ಅಷ್ಟು ಹೊತ್ತಿಗಾಗಲೇ ಬಾಗಿಲ ಹೊರಗೆ ನಿಂತು, ಯಾರದೋ ಫೋನ್ ಇಸಿದುಕೊಂಡು, ಕೋಣೆಯ ಮಾಲೀಕನಿಗೆ ಕೂಗಿ ಹೇಳುತ್ತಿದ್ದಳು: "ಅಣ್ಣಾ, ಯಾರಿಗೂ ಕೊಡ್ಬ್ಯಾಡ್ರಿ, ನಾವು ಸಂಜೆ ಗಾಡಿಗೇ ಬರ್ತೀವಿ!"